ಹಿಂಡಿದ ನೀರು

ಹೇಮಾವತಿಯ ದಡದಲ್ಲಿ ಒಂದು ಆಶ್ರಮ. ಅಲ್ಲಿಗೆ ವೇದ ಕಲಿಯಲು ಬಂದ ನರಹರಿ ಬಲು ಚುರುಕು. ಚಳಿಯೆಂದರೆ ಮಾತ್ರ ಮಾರು ದೂರ.

ಅಮಾವಾಸ್ಯೆಯ ಬೆಳಿಗ್ಗೆ ತೀರಿಹೋದ ಅಪ್ಪನಿಗೆ ತರ್ಪಣ ಬಿಡಬೇಕಿತ್ತು. ನರಹರಿ ನದಿಗೆ ಇಳಿಯಲಿಲ್ಲ. ಬಿಸಿನೀರಿನ ಸ್ನಾನ ಮುಗಿಸಿ, ಇಸ್ತ್ರಿ ಮಾಡಿದ ಪಂಚೆ ಉಟ್ಟು, ಚೊಂಬು ಹಿಡಿದು ಮೇಲಿನ ಮೆಟ್ಟಿಲ ಮೇಲೆ ಕೂತ. ಮೊಬೈಲಿನಲ್ಲಿ ಪುರೋಹಿತರೊಬ್ಬರು ಮಂತ್ರ ಹೇಳಿಕೊಡುತ್ತಿದ್ದರು.

ಅಪ್ಪ, ತಾತ, ಮುತ್ತಾತ, ಅಮ್ಮನ ಕಡೆಯವರು, ಎಲ್ಲರ ಹೆಸರು ಹೇಳಿ ಎಳ್ಳುನೀರು ಬಿಟ್ಟ. ಮುಗಿದ ಮೇಲೂ ಏಳಲಿಲ್ಲ.

ಎಪ್ಪತ್ತು ದಾಟಿದ ಗುರುಗಳು ಬಂದು ನೋಡಿದರು. ಹುಡುಗನ ಕಣ್ಣು ತುಂಬಿತ್ತು.

"ಏನಯ್ಯಾ, ಎಳ್ಳು ಕಣ್ಣಿಗೆ ಬಿತ್ತೇ?"

"ಗುರುಗಳೇ, ನನ್ನನ್ನು ಸಾಕಿದವಳು ಗೋದತ್ತೆ, ಅಪ್ಪನ ತಂಗಿ. ತಾಯಿಯಿಲ್ಲದ ಮಗು ಅಂತ ನನ್ನನ್ನು ಎತ್ತಿಕೊಂಡು, ತನಗೆ ಮದುವೆಯೇ ಬೇಡ ಅಂದಳು. ಹೋದ ವರ್ಷ ಹೋಗಿಬಿಟ್ಟಳು. ಮುಖವನ್ನೇ ನೋಡದ ಮುತ್ತಾತನಿಗೆ ನೀರು ಬಿಟ್ಟೆ. ಅವಳ ಹೆಸರು ಇದರಲ್ಲಿ ಬರಲೇ ಇಲ್ಲ. ಇಂಥ ಶಾಸ್ತ್ರ ಯಾಕೆ ಬೇಕು?"

"ಕೊನೇತನಕ ಕೇಳಿದೆಯಾ?"

"ಒಂದು ಚೂರು ಬಿಟ್ಟೆ. ಒದ್ದೆ ಬಟ್ಟೆ ಹಿಂಡಬೇಕಂತೆ. ನನ್ನ ಪಂಚೆ ಒಣಗಿತ್ತಲ್ಲ."

ಗುರುಗಳು ಅವನ ರಟ್ಟೆ ಹಿಡಿದು ಮೆಟ್ಟಿಲಿಳಿಸಿದರು. ತಾವೂ ನೀರಿಗಿಳಿದು ಅವನನ್ನು ಮುಳುಗಿಸಿಯೇ ಬಿಟ್ಟರು. ಇಬ್ಬರೂ ಗಡಗಡ ನಡುಗುತ್ತ ದಡಕ್ಕೆ ಬಂದರು.

"ಈಗ ಪಂಚೆಯ ಅಂಚು ಹಿಂಡು. ನೆಲಕ್ಕೆ ಬೀಳಲಿ. ನಮ್ಮ ಕುಲದಲ್ಲಿ ಹುಟ್ಟಿ, ಮಕ್ಕಳಿಲ್ಲದೆ ಹೋದವರೆಲ್ಲ ಈ ನೀರು ತೆಗೆದುಕೊಳ್ಳಲಿ, ಅನ್ನು."

ನರಹರಿ ತಲೆಯೆತ್ತಿ ಗುರುಗಳ ಮುಖ ನೋಡಿದ. ಆಮೇಲೆ ಹಿಂಡಿದ.

"ಗೋದತ್ತೇ, ತಗೋ" ಎಂದವನೇ ಬಿಕ್ಕಿ ಬಿಕ್ಕಿ ಅತ್ತ. ನೀರು ಮಣ್ಣಿಗೆ ಇಳಿಯಿತು.

ಸ್ವಲ್ಪ ಹೊತ್ತಿನ ಮೇಲೆ ಅವನ ಎದೆ ಹಗುರಾಯಿತು. ಯಾವ ಕಾಲದವರೋ ಏನೋ, ತನ್ನ ಅತ್ತೆಗೂ ಒಂದು ಜಾಗ ಇಟ್ಟು ಹೋಗಿದ್ದರಲ್ಲ ಎಂದು ಕೈಮುಗಿಯಬೇಕೆನಿಸಿತು.

"ಎಂಥ ದೊಡ್ಡ ಮನಸ್ಸಿನವರು ಗುರುಗಳೇ, ಇದನ್ನು ಮಾಡಿಟ್ಟವರು! ಯಾರನ್ನೂ ಬಿಟ್ಟಿಲ್ಲ."

ಗುರುಗಳು ಅವನ ಪಂಚೆಯ ಅಂಚು ಮುಟ್ಟಿ ನೋಡಿದರು.

"ಇನ್ನೂ ನೀರಿದೆ. ಸರಿಯಾಗಿ ಹಿಂಡುವುದನ್ನು ಕಲಿ, ನರಹರಿ. ನನಗೂ ಮಕ್ಕಳಿಲ್ಲ."