ಕೈ ಮೂಸಿ ಹೆಂಡ ಹೊಯ್ದ ಮುದ್ದೀರವ್ವ

ಒಂದಾನೊಂದು ಕಾಲದಲ್ಲಿ, ಈಗ ಕೆರೆ ಇರುವ ಕಡೆ ಕಾಡಿತ್ತು, ಕಾಡಿರುವ ಕಡೆ ಊರಿತ್ತು ಅನ್ನುವ ಕಾಲದಲ್ಲಿ, ಒಂದು ಸೀಮೆಗೆ ಒಬ್ಬ ದೊರೆ ಇದ್ದನಂತೆ. ಒಳ್ಳೆಯವನೇ. ಕೆಟ್ಟ ದೊರೆಯ ಕತೆ ಬೇಕಾದವರು ಬೇರೆಯವರ ಜಗಲಿಗೆ ಹೋಗಿ. ನನ್ನ ಹತ್ತಿರ ಇರುವುದು ಒಳ್ಳೆಯವರ ಕತೆ. ಒಳ್ಳೆಯವರೂ ಎಡವುತ್ತಾರೆ, ಅಷ್ಟೇ.

ಆ ದೊರೆಯ ಪಟ್ಟದಾನೆಯ ಮಾವುತ ಒಂದು ದಿನ ಬೆಳಿಗ್ಗೆ ಬೆಳಿಗ್ಗೆಯೇ ಹೊಟ್ಟೆ ತುಂಬ ಹೆಂಡ ಏರಿಸಿಕೊಂಡು ಆನೆ ಹತ್ತಿದನಂತೆ. ಇವನು ಎಡಕ್ಕೆ ಅಂದರೆ ಅದು ಬಲಕ್ಕೆ, ನಿಲ್ಲು ಅಂದರೆ ಓಟ. ಆನೆ ಸಂತೆಗೆ ನುಗ್ಗಿ ಮಡಕೆಯ ಸಾಲು ತುಳಿಯಿತು, ಬಳೆಯ ಸಾಲು ತುಳಿಯಿತು, ಕೊನೆಗೆ ಬೆಲ್ಲದ ಅಂಗಡಿ ಮುಂದೆ ನಿಂತು ಸೊಂಡಿಲು ಚಾಚಿತು. ಮೇಲೆ ಮಾವುತನಿಗೆ ಗೊರಕೆ. ಕೆಟ್ಟ ಮೇಲೆ ಬುದ್ಧಿ ಬಂತು, ಅಟ್ಟ ಮೇಲೆ ಒಲೆ ಉರಿಯಿತು ಅನ್ನುವ ಹಾಗೆ ದೊರೆ ಅಂದೇ ಡಂಗುರ ಹೊಡೆಸಿದನಂತೆ.

ಹಗಲು ಹೊತ್ತು ಸೀಮೆಯ ಯಾವ ಅಂಗಡಿಯಲ್ಲೂ ಹೆಂಡ ಮಾರಕೂಡದು. ಊರೂರಿನ ಚಾವಡಿಗೂ ಒಂದು ಗಂಟೆ ಕಟ್ಟಿಸುತ್ತೇವೆ. ಹೊತ್ತು ಮುಳುಗಿದಾಗ ಮೊದಲ ಗಂಟೆ, ಆಗ ಅಂಗಡಿ ತೆಗೆಯಬೇಕು. ಒಲೆಯ ಮೇಲೆ ಎಸರು ಕುದಿಯುವಷ್ಟು ಹೊತ್ತು ಬಿಟ್ಟು ಎರಡನೆಯ ಗಂಟೆ, ಆಗ ಮುಚ್ಚಬೇಕು. ನಡುವೆ ಬಂದು ಕೇಳಿದವರಿಗೆ ಇಲ್ಲ ಅನ್ನಕೂಡದು. ತಪ್ಪಿದವರ ಮಡಕೆ ಒಡೆದು, ಹೆಂಡ ಇಳಿಸುವ ಮರ ಕಿತ್ತುಕೊಂಡು, ಊರು ಬಿಡಿಸುತ್ತೇವೆ. ಇದು ಡಂಗುರದ ಮಾತು.

ಕೇಳಲಿಕ್ಕೆ ಚೆನ್ನಾಗಿತ್ತು. ದೊರೆಗೂ ನೆಮ್ಮದಿ, ಆನೆಗೂ ನೆಮ್ಮದಿ.

ಕೋಟೆಗೆ ಕೂಗಳತೆ ದೂರದಲ್ಲಿ ಈಚಲಕಟ್ಟೆ ಅಂತ ಒಂದು ಊರು. ಅಲ್ಲಿ ಮುದ್ದೀರವ್ವ ಅನ್ನುವವಳದು ಹೆಂಡದಂಗಡಿ. ಗಂಡ ಹೋದ ಮೇಲೆ ಮೈದುನ ಈಚಲ ಮರ ಹತ್ತಿ ಹೆಂಡ ಇಳಿಸುವನು, ಇವಳು ಮಾರುವಳು. ನೀರು ಬೆರೆಸಿದವಳಲ್ಲ, ಯಾರನ್ನೂ ಕರೆದು ಕುಡಿಸಿದವಳಲ್ಲ. ಇಂಥ ಹೆಂಗಸು ಎಲ್ಲಿದ್ದರೂ ಅಲ್ಲಿಗೊಂದು ಕಳೆ. ಅದನ್ನು ಹೇಳಲಿಕ್ಕೆ ನನಗೇನೂ ಸಂಕೋಚವಿಲ್ಲ.

ಗಂಟೆಯ ನೇಮ ಬಂದ ಮೇಲೆ ಊರಿನಲ್ಲಿ ಏನಾಯಿತು ಅಂದರೆ, ಎಲ್ಲಿ ಬಾಗಿಲು ಹಾಕಿಬಿಡುತ್ತಾರೋ ಅಂತ ಗಂಡಸರು ಹೊಲದಿಂದ ನೆಟ್ಟಗೆ ಅಂಗಡಿಗೇ ಓಡಿ ಬರತೊಡಗಿದರಂತೆ. ನೇಗಿಲು ಹೆಗಲ ಮೇಲೆಯೇ, ಕಾಲಿನ ಕೆಸರು ಕಾಲಲ್ಲೇ. ಹಸಿದ ಹೊಟ್ಟೆಗೆ ಗಟಗಟ ಹೊಯ್ದುಕೊಳ್ಳುವರು, ಎರಡನೆಯ ಗಂಟೆಗೆ ಎದ್ದು ನಿಲ್ಲುವರು, ಹತ್ತು ಹೆಜ್ಜೆಗೆ ಬೀಳುವರು. ಮೊದಲಾದರೆ ಕುಡುಕರು ಊರಿನಲ್ಲಿ ಅಲ್ಲೊಬ್ಬ ಇಲ್ಲೊಬ್ಬ. ಈಗ ಬೀದಿ ತುಂಬ ಹಾಸಿಬಿಟ್ಟ ಹಾಗೆ.

ಒಂದು ಸಂಜೆ ಮೊದಲ ಗಂಟೆ ಬಾರಿಸಿತು. ಗಂಡಸರು ಓಡಿ ಬಂದರು. ಮುದ್ದೀರವ್ವ ಬಾಗಿಲು ತೆಗೆದು ಹೊಸಿಲ ಮೇಲೆ ಕೂತಿದ್ದಳು, ಹೆಂಡ ಹೊಯ್ಯುವ ಮೊಗೆ ಮಾತ್ರ ಮುಟ್ಟಲಿಲ್ಲ.

"ಮೊದ್ಲು ಮನೆಗೋಗಿ ಉಂಡ್ಕಂಡು ಬನ್ನಿ. ಕೈ ಮೂಸಿ ನೋಡ್ತೀನಿ. ಸಾರಿನ ವಾಸ್ನೆ ಇದ್ರೆ ಹುಯ್ತೀನಿ, ಇಲ್ದಿದ್ರೆ ಇಲ್ಲ" ಅಂದಳಂತೆ.

ಗಂಡಸರು ಕೂಗಾಡಿದರು. ದೊರೆಯ ನೇಮ ನೆನಪಿಸಿದರು, ಚಾವಡಿ ತೋರಿಸಿದರು, ಆಮೇಲೆ ಗೋಗರೆದರು. ಅವಳು ಎಲೆ ಅಡಿಕೆ ಹಾಕಿಕೊಂಡು ಸುಮ್ಮನೆ ಕೂತಳು. ಬೇರೆ ದಾರಿ ಕಾಣದೆ ಒಬ್ಬೊಬ್ಬನೂ ಮನೆಗೆ ಹೋದ, ಮುದ್ದೆ ಆಗುವ ತನಕ ಕಾದ, ಉಂಡ, ಬಂದ. ಅಷ್ಟರಲ್ಲಿ ಎರಡನೆಯ ಗಂಟೆ ಆಗಿ ಹೋಗಿತ್ತು. ಆದರೂ ಅವಳು ಬಲಗೈ ಹಿಡಿದು ಮೂಸಿ ಮೂಸಿ ಎಲ್ಲರಿಗೂ ಹೊಯ್ದಳು. ಎಷ್ಟು ತೊಳೆದರೂ ಬಸ್ಸಾರಿನ ವಾಸನೆ ಬೆರಳು ಬಿಡುವುದುಂಟೇ? ಹೊಟ್ಟೆ ತುಂಬಿದವರು ಒಂದು ಮೊಗೆಗೇ ಆಕಳಿಸಿ, ತಮ್ಮ ಕಾಲ ಮೇಲೆ ತಾವು ನಡೆದು ಮನೆ ಸೇರಿದರಂತೆ.

ಊರಿನಲ್ಲಿ ಜವರ ಅಂತ ಒಬ್ಬನಿದ್ದ. ನೀವು ಚಾಪೆ ಕೆಳಗೆ ತೂರಿದರೆ ಅವನು ರಂಗೋಲಿ ಕೆಳಗೆ ತೂರುವವನು. ಮನೆಗೆ ಹೋಗಿ ಉಣ್ಣುವಷ್ಟು ತಾಳ್ಮೆ ಅವನಿಗೆಲ್ಲಿಂದ ಬರಬೇಕು? ಮಾರನೆಯ ಸಂಜೆ ಹಿತ್ತಿಲಿನಿಂದ ಪಕ್ಕದ ಮನೆಯ ಅಡಿಗೆಮನೆಗೆ ನುಗ್ಗಿ, ಸಾರಿನ ಮಡಕೆಗೆ ಕೈ ಅದ್ದಿ, ಪಂಚೆಗೆ ಒರೆಸಿಕೊಂಡು ಎಲ್ಲರಿಗಿಂತ ಮೊದಲು ಬಂದು ಕೈ ಚಾಚಿದನಂತೆ.

ಮುದ್ದೀರವ್ವ ಮೂಸಿದಳು. ಇನ್ನೊಂದು ಸಲ ಮೂಸಿದಳು. "ಜವರಣ್ಣ, ಇದು ಹುರುಳಿ ಬಸ್ಸಾರು. ನಿಮ್ಮನೇಲಿ ಇವತ್ತು ಉಪ್ಸಾರು. ನಿನ್ನ ಹೆಂಡ್ತಿ ನಿಂಗಿ ಬೆಳಿಗ್ಗೆ ನನ್ನತ್ರಾನೇ ಅದ್ರ ಖಾರಕ್ಕೆ ಹಸಿಮೆಣಸಿನಕಾಯಿ ಇಸ್ಕಂಡೋದ್ಲು. ಯಾರ ಮನೇಲಿ ಉಂಡೆ?" ಅಂದಳು.

ಅಷ್ಟು ಹೊತ್ತಿಗೆ ಪಕ್ಕದ ಮನೆಯವನೂ ಬಂದು ಹಿಂದೆ ನಿಂತಿದ್ದ. ಅವನ ಕೈಯಲ್ಲೂ ಅದೇ ಹುರುಳಿ ಬಸ್ಸಾರು. ಊರಿಗೆ ಊರೇ ನಕ್ಕಿತಂತೆ. ಜವರ ತಲೆ ಕೆಳಗೆ ಹಾಕಿಕೊಂಡು ಮನೆಗೆ ಹೋಗಿ, ಉಪ್ಸಾರು ಉಂಡೇ ಬಂದ.

ದಿನ ಹೋದ ಹಾಗೆ ಬೀದಿಯಲ್ಲಿ ಬೀಳುವವರು ಇಲ್ಲವಾದರು. "ನಮ್ಮ ಹೊಟ್ಟೆ ಅಂದ್ರೆ ಮುದ್ದೀರವ್ವಂಗೆ ಎಷ್ಟು ಕಾಳಜಿ ನೋಡು" ಅಂತ ಗಂಡಸರು ತಮ್ಮ ತಮ್ಮಲ್ಲೇ ಬೀಗಿದರಂತೆ. ಗಂಡಸರು ಬೀಗುವುದಕ್ಕೆ ಕಾರಣ ಬೇಕೇ? ಅವಳು ಹೌದು ಅನ್ನಲಿಲ್ಲ, ಅಲ್ಲ ಅನ್ನಲಿಲ್ಲ.

ಆದರೆ ಆ ಸೀಮೆಯ ಅಂಗಡಿಗಳನ್ನೆಲ್ಲ ನೋಡಿಕೊಳ್ಳುವ ದೊರೆಯ ಪಾರುಪತ್ತೇಗಾರ ಒಂದು ಸಂಜೆ ಈಚಲಕಟ್ಟೆಗೆ ಬಂದ. ಗಂಟೆ ಬಾರಿಸಿದೆ, ಇವಳು ಮಾರುತ್ತಿಲ್ಲ. ಇನ್ನೊಂದು ಗಂಟೆ ಬಾರಿಸಿದೆ, ಇವಳು ಮಾರುತ್ತಿದ್ದಾಳೆ. ಅವನು ಕೆಟ್ಟವನೇನಲ್ಲ, ಕಂಡದ್ದನ್ನು ಕಂಡ ಹಾಗೆ ಹೋಗಿ ಹೇಳಿದ. ದೊರೆಗೆ ಕೋಪ ನೆತ್ತಿಗೇರಿತು. ನಾನೊಂದು ನೇಮ ಮಾಡಿದರೆ ಹೆಂಡದವಳು ಅದರ ಮೇಲೊಂದು ನೇಮ ಮಾಡುವುದೇ? ನಾಳೆಯೇ ಅವಳ ಮಡಕೆ ಒಡೆಯಿರಿ ಅನ್ನುವವನಿದ್ದ. ಆದರೆ ಮೊದಲೇ ಹೇಳಿದೆನಲ್ಲ, ಒಳ್ಳೆಯವನು. ಒಡೆಯುವ ಮೊದಲು ಕಣ್ಣಾರೆ ನೋಡಿ ಬರುತ್ತೇನೆ ಅಂತ ಎತ್ತಿನ ವ್ಯಾಪಾರಿಯ ಹಾಗೆ ತಲೆಗೆ ವಸ್ತ್ರ ಸುತ್ತಿಕೊಂಡು, ಒಬ್ಬನೇ ಈಚಲಕಟ್ಟೆಗೆ ನಡೆದನಂತೆ.

ಮೊದಲ ಗಂಟೆ ಆಗುತ್ತಿದ್ದ ಹಾಗೆ ಅಂಗಡಿ ಮುಂದೆ ನಿಂತು ಒಂದು ಮೊಗೆ ಹೆಂಡ ಕೇಳಿದ. ಮುದ್ದೀರವ್ವ ಕೈ ಕೇಳಿದಳು. ದೊರೆಯ ಕೈ ಹಿಡಿದು ಮೂಸಿ, ಗಂಧದ ವಾಸನೆ ಇದೆ, ಅನ್ನದ ವಾಸನೆ ಇಲ್ಲ ಅಂದಳು. ಗಂಟೆ ಆದ ಮೇಲೆ ಇಲ್ಲ ಅನ್ನುವ ಹಾಗಿಲ್ಲ, ದೊರೆಯ ಅಪ್ಪಣೆ ಅಲ್ಲವೇ ಅಂತ ಅವನು ಕೇಳಿದ. ಹೌದು, ಗೊತ್ತು ಅಂದಳು. ಬೆರಳಿನ ಉಂಗುರ ತೆಗೆದು ಕೊಟ್ಟ. ಅದನ್ನು ಅವನ ಬೆರಳಿಗೇ ಹಾಕಿದಳು. ನಾನು ಪರಸ್ಥಳದವನು, ಈ ಊರಲ್ಲಿ ನನಗೆ ಉಣ್ಣಲಿಕ್ಕೆ ಯಾರ ಮನೆ ಇದೆ ಅಂದ.

"ನನ್ನ ಮನೆ ಅದೆಯಲ್ಲ. ಕೂತ್ಕಳಿ ಅಣ್ಣ" ಅಂದಳಂತೆ.

ಒಲೆ ಹೊತ್ತಿಸಿ, ಎಸರಿಟ್ಟು, ಹಿಟ್ಟು ಹಾಕಿ, ಮುದ್ದೆ ತೊಳಸಿದಳು. ಅರಮನೆಯ ದೊರೆ ಹೆಂಡದಂಗಡಿಯ ನೆಲದ ಮೇಲೆ ಕೂತು ಎಲೆಯಲ್ಲಿ ಮುದ್ದೆ ಮುರಿದು ಸೊಪ್ಪಿನ ಸಾರಿನಲ್ಲಿ ಅದ್ದಿ ನುಂಗಿದ. ಎರಡನೆಯ ಗಂಟೆ ಬಾರಿಸುವಾಗ ಅವನು ಇನ್ನೂ ಬೆರಳು ನೆಕ್ಕುತ್ತಿದ್ದನಂತೆ. ಕೈ ತೊಳೆದು ಬಂದ ಮೇಲೆ ಮುದ್ದೀರವ್ವ ಮೊಗೆಯಲ್ಲಿ ಹೆಂಡ ಹೊಯ್ದು ಮುಂದಿಟ್ಟಳು.

"ಗಂಟೆ ಆಗೋಯ್ತಲ್ಲವ್ವ. ದೊರೆಗೆ ಗೊತ್ತಾದರೆ ಗತಿ ಏನು?" ಅಂತ ಕೇಳಿದ.

"ಮಡಕೆ ಒಡೀತಾರೆ, ಮರ ಕಿತ್ಕತಾರೆ, ಊರು ಬಿಡುಸ್ತಾರೆ. ಆ ಮರ ನಮ್ಮತ್ತೆ ನೀರು ಹೊತ್ತು ಬೆಳೆಸಿದ್ದು ಅಣ್ಣ. ನೆನೆಸ್ಕಂಡ್ರೆ ಹೊಟ್ಟೇಲಿ ಬೆಂಕಿ ಬೀಳ್ತದೆ. ಪಾರುಪತ್ತೇಗಾರ್ರು ನೋಡ್ಕಂಡೋಗವ್ರೆ, ಇವತ್ತೋ ನಾಳೆಯೋ" ಅಂದಳು.

ಇಷ್ಟು ಹೆದರಿಕೆ ಇಟ್ಟುಕೊಂಡು ಗಂಡಸರ ಹೊಟ್ಟೆಗಾಗಿ ಮನೆ ಮಠ ಕಳೆದುಕೊಳ್ಳುತ್ತಾರೆಯೇ, ನೀನು ದೊಡ್ಡವಳು ಅಂತ ದೊರೆ ಹೊಗಳಿದ. ಅದಕ್ಕೆ ಅವಳಿಗೆ ನಗು ಬಂತು.

"ಗಂಡಸ್ರ ಹೊಟ್ಟೆ ಕಟ್ಕಂಡು ನಂಗೇನಾಗಬೇಕು? ನಮ್ಮೂರಲ್ಲಿ ಗಂಡ ಉಣ್ಣೋಗಂಟ ಹೆಂಡ್ತಿ ಉಣ್ಣಲ್ಲ ಅಣ್ಣ. ಇವ್ರು ಕುಡಿದು ಬೀದೀಲಿ ಬಿದ್ರೆ ಅವ್ರು ಮುದ್ದೆ ಮುಂದೆ ಇಟ್ಕಂಡು ಬೆಳಗಾಗೋಗಂಟ ಕೂತಿರ್ತಾರೆ. ಒಂದಿನ ಆ ಜವರನ ಹೆಂಡ್ತಿ ನಿಂಗಿ ಕೂಸೆತ್ಕಂಡು ಗಂಡನ್ನ ಹುಡುಕ್ಕಂಡು ಬಂದ್ಲು. ಕೂಸು ಅಳ್ತಾನೇ ಅದೆ. ಯಾಕೆ ಅಂದ್ರೆ ಹಾಲಿಲ್ಲ. ಯಾಕಿಲ್ಲ ಅಂದ್ರೆ ಅವಳು ಉಂಡಿಲ್ಲ. ನೀವು ಮೊದ್ಲು ಉಂಡ್ಬಿಡ್ರವ್ವ ಅಂತ ಎಲ್ಲಾರ್ಗೂ ಹೇಳ್ದೆ, ನಾಲಿಗೆ ಕಚ್ಕಂಡ್ರು. ಆ ನೇಮ ಮುರಿಯೋ ಶಕ್ತಿ ನಂಗಿಲ್ಲ. ಹೆಂಡದ ಮೊಗೆ ನನ್ನ ಕೈಲದೆ, ಅದನ್ನ ಹಿಡ್ಕಂಡೆ. ಗಂಡನ ಕೈಲಿ ಸಾರಿನ ವಾಸ್ನೆ ಬಂದ್ರೆ ಹೆಂಡ್ತಿ ಕೈಲೂ ಬಂದದೆ ಅಂತ ಲೆಕ್ಕ."

ಹೊಯ್ದ ಹೆಂಡ ಹಾಗೇ ಇತ್ತು.

"ನಿಮ್ಮ ಮನೆಯವ್ರು ಉಂಡವ್ರಾ ಅಣ್ಣ?" ಅಂತ ಅವಳು ಸಹಜವಾಗಿ ಕೇಳಿದಳು.

ದೊರೆ ಮೊಗೆಯನ್ನು ಪಕ್ಕಕ್ಕೆ ಸರಿಸಿದ. ಕುಡಿಯದೆ ಎದ್ದು, ವಸ್ತ್ರ ಸುತ್ತಿಕೊಂಡು ಬಿರಬಿರನೆ ಅರಮನೆಗೆ ನಡೆದನಂತೆ.

ಅರಮನೆಯಲ್ಲಿ ರಾಣಿ ಬೆಳ್ಳಿಯ ತಟ್ಟೆಗೆ ಬಾಳೆಲೆ ಮುಚ್ಚಿಟ್ಟು, ದೀಪದ ಕುಡಿ ಸರಿಮಾಡುತ್ತ ಕೂತಿದ್ದಳು. ಉಂಡೆಯಾ ಅಂತ ದೊರೆ ಕೇಳಿದ. ನೀವು ಉಣ್ಣದೆ ನಾನು ಎಂದು ಉಂಡಿದ್ದೇನೆ ಅಂತ ಅವಳು ಆಶ್ಚರ್ಯಪಟ್ಟಳು. ಬೇಟೆಗೆ ಹೋಗಿ ತಡವಾದ ದಿನ, ಮಂತ್ರಿಗಳ ಜೊತೆ ಪಗಡೆಗೆ ಕೂತು ಮರೆತ ದಿನ, ಎಲ್ಲ ದೊರೆಯ ಕಣ್ಣ ಮುಂದೆ ಬಂದವು. ನನಗೆ ಹೊಟ್ಟೆ ತುಂಬಿದೆ ಅಂದರೆ ಅವಳು ನಂಬುವಳೋ ಇಲ್ಲವೋ ಅಂತ, ಮುದ್ದೆ ಉಂಡ ಹೊಟ್ಟೆಯ ಮೇಲೆ ಅರಮನೆಯ ಊಟವನ್ನೂ ಉಸಿರು ಕಟ್ಟಿಕೊಂಡು ಉಂಡನಂತೆ. ಪಾಪ, ಸೊಂಟದ ಪಟ್ಟಿ ಸಡಿಲಿಸಬೇಕಾಯಿತು. ಆಮೇಲೆ ದಿನದಂತೆ ಎದ್ದು ಹೋಗದೆ ಅಲ್ಲೇ ಕೂತ. ರಾಣಿ ನಾಚಿಕೊಂಡು ನಾಚಿಕೊಂಡು ಉಂಡಳು. ಆಮೇಲೆ ಹಸಿವು ನಾಚಿಕೆಯನ್ನು ನುಂಗಿತು. ಅಷ್ಟು ವರ್ಷ ಸಂಸಾರ ಮಾಡಿದ್ದರೂ ಅವಳು ಉಣ್ಣುವುದನ್ನು ದೊರೆ ನೋಡಿದ್ದು ಅಂದೇ ಮೊದಲಂತೆ.

ಬೆಳಗಾಯಿತು. ಪಾರುಪತ್ತೇಗಾರ ಆಳುಗಳ ಜೊತೆ ಮಡಕೆ ಒಡೆಯಲು ದೊಣ್ಣೆ ಹಿಡಿದು ಅಪ್ಪಣೆಗೆ ಕಾದಿದ್ದ. ದೊರೆ ದೊಣ್ಣೆ ಕೆಳಗಿಡಿಸಿ ತಮಟೆ ಎತ್ತಿಸಿದನಂತೆ. ಹೊಸ ಡಂಗುರ ಹೀಗೆ: ಹಗಲು ಹೆಂಡ ಇಲ್ಲ, ಇದು ಸೀಮೆಗೆಲ್ಲ ಒಂದೇ ನೇಮ. ಸಂಜೆ ಅಂಗಡಿ ಯಾವಾಗ ತೆಗೆಯಬೇಕು, ಯಾವಾಗ ಮುಚ್ಚಬೇಕು ಅನ್ನುವುದನ್ನು ಆಯಾ ಊರು ಕೂತು ಗೊತ್ತುಮಾಡಲಿ. ಆದರೆ ಕೂರುವಾಗ ಹೆಂಗಸರೂ ಕೂರಬೇಕು. ಈಚಲಕಟ್ಟೆಯ ಮುದ್ದೀರವ್ವನ ಮಡಕೆಯನ್ನಾಗಲಿ ಮರವನ್ನಾಗಲಿ ಯಾರೂ ಮುಟ್ಟಕೂಡದು.

ಡಂಗುರ ಕೇಳಿ ಮುದ್ದೀರವ್ವ ಅತ್ತೆ ಬೆಳೆಸಿದ ಈಚಲ ಮರ ತಬ್ಬಿಕೊಂಡು ಗಳಗಳ ಅತ್ತಳಂತೆ. ಮುಳ್ಳು ಚುಚ್ಚಿದ್ದೂ ತಿಳಿಯಲಿಲ್ಲ.

ಅಂದು ಈಚಲಕಟ್ಟೆಯ ಚಾವಡಿಯಲ್ಲಿ ಊರು ಕೂತಿತು. ಮೊದಲ ಗಂಟೆಗೇ ಹೆಂಡ ಹೊಯ್ಯಲಿ ಅಂದರು ಗಂಡಸರು. ಹೆಂಗಸರು ಸೆರಗು ಬಾಯಿಗೆ ಹಿಡಿದು ಒಬ್ಬರ ಮುಖ ಒಬ್ಬರು ನೋಡಿದರು. ಕೊನೆಗೆ ಕೂಸನ್ನು ಸೊಂಟಕ್ಕೆ ಏರಿಸಿಕೊಂಡು ಜವರನ ಹೆಂಡತಿ ನಿಂಗಿ ಎದ್ದಳು.

"ಯಾವ ಗಂಟೆನೂ ಬ್ಯಾಡ. ಹೆಂಡ್ತಿ ಉಂಡಾದ ಮ್ಯಾಕೆ ಗಂಡಂಗೆ ಹೆಂಡ" ಅಂದಳು.

ಹೆಂಗಸರೆಲ್ಲ ಹೌದು ಹೌದು ಅಂದರು. ದೊರೆಯ ಮಾತಿದೆ, ಗಂಡಸರು ಏನು ಮಾಡಿಯಾರು? ಆ ಊರಿಗೆ ಅದೇ ನೇಮವಾಯಿತು.

ಆ ಸಂಜೆ ಜವರ ಹೊಲದಿಂದ ಬರುತ್ತ ದಾರಿಯಲ್ಲೇ ಯೋಚನೆ ಮಾಡಿದನಂತೆ. ನಾನು ಉಂಡು, ಆಮೇಲೆ ಅವಳು ಉಂಡು, ಆಮೇಲೆ ಅಂಗಡಿ ಅಂದರೆ ಹೊತ್ತು ಬಹಳ ಆಗುತ್ತದೆ. ಅವಳೇ ಮೊದಲು ಉಂಡುಬಿಟ್ಟರೆ? ಮನೆಗೆ ಬಂದವನೇ ಒಲೆ ಊದಿದ, ಹೊಗೆಗೆ ಕೆಮ್ಮಿದ, ಮುದ್ದೆ ತೊಳಸಿದ, ತಟ್ಟೆ ಹಾಕಿದ, ಕೂಸನ್ನು ತಾನು ಎತ್ತಿಕೊಂಡ.

"ನೀನು ಮೊದ್ಲು ಉಣ್ಣಮ್ಮಿ" ಅಂದ.

ಅಕ್ಕಪಕ್ಕದ ಮನೆಗಳಲ್ಲೂ ಆಗ ಅದೇ ಮಾತು ಕೇಳಿಬರುತ್ತಿತ್ತಂತೆ. ಮುದ್ದೀರವ್ವ ಹೇಳಿ ಹೇಳಿ ಸೋತದ್ದನ್ನು ಗಂಡಸರ ಆತುರವೇ ಮಾಡಿ ಮುಗಿಸಿತು. ನಿಂಗಿ ತಟ್ಟೆ ಮುಂದೆ ಕೂತಳು. ಜವರ ಕೂಸನ್ನು ಹೆಗಲಿಗೆ ಹಾಕಿಕೊಂಡು ಒಂದು ಕಾಲಿಂದ ಇನ್ನೊಂದು ಕಾಲಿಗೆ ಬದಲಾಯಿಸುತ್ತ ನಿಂತಿದ್ದ. ನಿಂಗಿ ಅಂದು ಬಹಳ ನಿಧಾನವಾಗಿ ಉಂಡಳಂತೆ.

ಅವರು ಅಲ್ಲಿ ಉಂಡು ತಣ್ಣಗಿದ್ದರು, ನಾವು ಇಲ್ಲಿ ಕೇಳಿ ಬೆಚ್ಚಗಿದ್ದೇವೆ. ಕತೆ ಆಯಿತು, ಏಳಿ. ನಿಮ್ಮ ಮನೆಯಲ್ಲೂ ಯಾರಾದರೂ ಉಣ್ಣದೆ ಕಾದಿದ್ದಾರು.