ಅತ್ತೆಗೋಸ್ಕರ ನಾಯಿ ತೊಳ್ದಿದ್ದು

ನಂಬೋರು ದೂರ ಕೂತ್ಕಳಿ, ನಂಬದೋರು ಹತ್ರ ಬನ್ನಿ. ಬಾಯಿ ಬಿಟ್ಕೊಂಡು ಕೇಳೋರು ಅವ್ರೇ.

ನಿಂಗಾಜಮ್ಮನಿಗೆ ಒಬ್ಬನೇ ಮಗ, ಮುದ್ದ. ಆಳು ನೋಡಿದ್ರೆ ತೊಲೆ, ತಲೆ ನೋಡಿದ್ರೆ ಖಾಲಿ ಗುಡಾಣ. ಹೇಳಿದ್ದನ್ನ ಹೇಳ್ದಂಗೇ ಮಾಡೋನು. “ಅಯ್ಯೋ, ಇವನ್ನ ಹೆತ್ತು ನಾನ್ ಕೆಟ್ಟೆ!” ಅಂತ ಅವ್ವ ಹಣೆ ಚಚ್ಕೊಳೋಳು.

ಅವಳ ಮನೆಗೂ ವಾರಗಿತ್ತಿ ಚೆಲುವಿ ಮನೆಗೂ ನಡುವೆ ಎದೆಮಟ್ಟದ ಗೋಡೆ. ಅತ್ತೆ ಇದ್ದಿದ್ದು ಚೆಲುವಿ ಮನೇಲಿ. ಬೆಳಗಾದ್ರೆ ಜಗಲಿ ಮೇಲೆ ಕೂತು, ಚೆಲುವಿಯ ನಾಯಿ ಬೆಳ್ಳೀನ ತೊಡೆ ಮೇಲೆ ಹಾಕ್ಕೊಂಡು ಸವರೋಳು. ನೋಡ್ತಾ ನೋಡ್ತಾ ನಿಂಗಾಜಮ್ಮನ ಹೊಟ್ಟೇಲಿ ಮೆಣಸಿನಕಾಯಿ ಹುರ್ದಂಗೆ ಆಗೋದು. ಅತ್ತೆ ಬೇಕು ಅಂತಲ್ಲ ಕಣ್ರಪ್ಪಾ. ಅವಳ ಹತ್ರ ಇದ್ದಾಳಲ್ಲ, ಅದಕ್ಕೆ!

ಒಂದಿನ ಅತ್ತೆನೇ ಗೋಡೆ ಮೇಲಿಂದ ಅಂದ್ಳು: “ನಿಂಗೀ, ನಿನ್ನ ನಾಯಿ ಮುಟ್ಟೋಹಂಗೆ ಆಗ್ಲಿ, ಗಂಟುಮೂಟೆ ಕಟ್ಕೊಂಡು ನಿನ್ನ ಮನೇಗೇ ಬತ್ತೀನಿ.”

ಆ ನಾಯಿ ಹೆಸ್ರು ಜುಂಜ. ಅವ್ವ ಬೀದಿನಾಯಿ, ಅಪ್ಪ ಯಾವುದೋ ಬಂಗಲೆಯ ಜೂಲುನಾಯಿ. ಮೈತುಂಬ ಗುಂಗುರು ಕೂದಲು, ತೆಂಗಿನ ನಾರಿನಂಗೆ. ಅದರೊಳಗೆ ಗುಬ್ಬಚ್ಚಿ ಗೂಡು ಕಟ್ಟಿ ಮರಿ ಮಾಡಿತ್ತು. ನಾನೇ ಕಾಳು ಹಾಕಿದ್ದೆ!

“ಮುದ್ದಾ, ಜುಂಜನಿಗೆ ಸ್ನಾನ ಮಾಡ್ಸೋ!”

ಹಂಡೆ ನೀರು ಸುರ್ದ. ಸಿಕ್ಕೆಲ್ಲ ನೆನೆದು, ಒಣಗಿ, ಬಿಗ್ಕೊಂಡು ಕಂಬಳಿ ಆಗೋಯ್ತು. ಬಾಯಿ ಎಲ್ಲಿ, ಬಾಲ ಎಲ್ಲಿ, ತಿಳೀದು. ಮೂರು ದಿನ ಬಾಲಕ್ಕೇ ಅನ್ನ ಇಟ್ರು!

“ಅಯ್ಯೋ ಮುಂಡೇದೇ! ಮೊದ್ಲು ಸಿಕ್ಕು ಬಿಡಿಸ್ಬೇಕು. ತುದಿಯಿಂದ ಬಾಚ್ಕೊಂಡು ಬುಡಕ್ಕೆ ಬರ್ಬೇಕು. ಬಿಡದ ಗಂಟು ಕತ್ರಿಸ್ಬೇಕು. ಆಮೇಲೆ ನೀರು!”

“ಆಗ್ಲಿ ಕಣವ್ವ.”

ಅವ್ವ ಹೊಲಕ್ಕೆ ಹೋದಾಗ ಸೋದರಮಾವ ಬಂದ. ಬಿಸಿಲಲ್ಲಿ ನಡೆದು ನಾಲಿಗೆ ಒಣಗಿತ್ತು. “ಲೋ ಮುದ್ದ, ನೀರು ಕೊಡ್ಲಾ!”

“ತಡಿ ಮಾವ. ಮೊದ್ಲು ಸಿಕ್ಕು, ಆಮೇಲೆ ನೀರು.”

ಮಾವನ ಮೀಸೆನೋ, ಎರಡು ಕಿವಿ ಸುತ್ತಿ ಬೆನ್ನ ಮೇಲೆ ಇಳಿಬಿಡೋ ಮೀಸೆ. ಮುದ್ದ ತುದಿಯಿಂದ ಬಾಚ್ದ, ಬುಡಕ್ಕೆ ಬಂದ. ಒಂದು ಗಂಟು ಬಿಡ್ಲಿಲ್ಲ. ಕಚಕ್! ಅರ್ಧ ಮೀಸೆ ಹೋಯ್ತು. ಆಮೇಲೆ ನೀರು ಕೊಟ್ಟ. ಹೊಲದಿಂದ ಬಂದ ಅವ್ವ ನೋಡಿದ್ಳು.

“ಥೂ ನಿನ್ನ! ಮನೆಗೆ ಬಂದೋರ್ನ ಚಾಪೆ ಮೇಲೆ ಕೂರ್ಸಿ, ಮಜ್ಜಿಗೆ ಕೊಟ್ಟು, ಗಾಳಿ ಬೀಸ್ಬೇಕು ಕಣೋ!”

“ಆಗ್ಲಿ ಕಣವ್ವ.”

ಮಾರನೇ ದಿನ ಮನೆಗೆ ಬಂದಿದ್ದು ಯಾರು? ಚೆಲುವಿಯ ಬೆಳ್ಳಿ! ಮುದ್ದ ಚಾಪೆ ಹಾಸ್ದ. ಗಡಿಗೆ ಮಜ್ಜಿಗೆ ಇಟ್ಟ. ಬೀಸಣಿಗೆ ಹಿಡ್ಕೊಂಡು ಬೀಸ್ತಾ ಕೂತ. ಜುಂಜ ಮೂಲೇಲಿ ಕಂಬಳಿಯಾಗಿ ನೋಡ್ತಾ ಬಿದ್ದಿತ್ತು.

ಗೋಡೆ ಆಚೆಯಿಂದ ಚೆಲುವಿ ನಕ್ಳು. “ಅಕ್ಕಾ, ನಮ್ಮ ಬೆಳ್ಳಿಗೆ ನಿಮ್ಮನೇಲೂ ಮರ್ಯಾದೆ ನೋಡು! ಅದೃಷ್ಟ ಅಂದ್ರೆ ಇದು!”

ನಿಂಗಾಜಮ್ಮನ ಕಿವಿಯಿಂದ ಹೊಗೆ ಬಂತು. ಆ ಹೊಗೇಗೆ ಊರ ಸೊಳ್ಳೆಲ್ಲ ಸತ್ವು.

“ಕೇಳ್ಲಾ ಪೆದ್ದ! ಆ ಮನೆಯಿಂದ ಏನೇ ಬರ್ಲಿ, ಎತ್ಕೊಂಡು ಗೋಡೆ ಆಚೆಗೆ ಇಳ್ಸು! ಕಿರುಚ್ಲಿ, ಪರಚ್ಲಿ, ಕಚ್ಲಿ, ಬಿಡ್ಬೇಡ!”

“ಆಗ್ಲಿ ಕಣವ್ವ.”

ಇವನ್ನ ನಂಬಿದ್ರೆ ಅತ್ತೆ ಅಲ್ಲೇ ಬೇರು ಬಿಡ್ತಾಳೆ ಅಂತ ಅವ್ವ ತಾನೇ ಜುಂಜನ್ನ ಹಿಡ್ಕೊಂಡು ಕೂತ್ಳು. ಕಂಬಳಿಯಾಗಿದ್ದ ಗಂಟು ಕತ್ರಿಸಿದ್ಳು. ಉಳಿದ ಸಿಕ್ಕಿಗೆ ಒಂದಿಷ್ಟು ಎಣ್ಣೆ ಹಚ್ಚಿ, ಎಳೆ ಎಳೆಯಾಗಿ ಬೆರಳಲ್ಲಿ ಬಿಡಿಸಿ, ತುದಿಯಿಂದ ಬಾಚಿದ್ಳು. ಕಣ್ಣ ಮೇಲಿನ ಕೂದಲು ಕತ್ರಿಸಿದ್ಳು. ಸೀಗೇಪುಡಿ ಹಾಕಿ ಉಗುರುಬೆಚ್ಚಗಿನ ನೀರಲ್ಲಿ ತೊಳೆದು, ಬಿಸಿಲಿಗೆ ಕಟ್ಟಿದ್ಳು. ಗುಂಗುರೆಲ್ಲ ಸುರುಳಿ ಸುರುಳಿ, ಸೇವಂತಿಗೆ ಚೆಂಡು! ಜುಂಜನಿಗೆ ಕಣ್ಣಿದೆ ಅಂತ ಅವತ್ತೇ ಊರಿಗೆ ಗೊತ್ತಾಗಿದ್ದು.

“ಅತ್ತೇ! ಬಂದ್ ನೋಡಿ!”

ಅತ್ತೆ ಗೋಡೆ ಮೇಲಿಂದ ನೋಡಿದ್ಳು, ಮೂಗಿನ ಮೇಲೆ ಬೆರಳಿಟ್ಳು, ಗಂಟುಮೂಟೆ ಕಟ್ಟಿದ್ಳು. ನಿಂಗಾಜಮ್ಮ ಒಬ್ಬಟ್ಟು ಬೇಯ್ಸಕ್ಕೆ ಒಳಗೆ ಓಡಿದ್ಳು. ಅತ್ತೆ ಸುತ್ತಿ ಬಂದು ಹೊಸ್ಲಿಗೆ ಕಾಲಿಟ್ಳು ನೋಡಿ. ಮುದ್ದ ಗಂಟು ಸಮೇತ ಎತ್ಕೊಂಡ!

“ಬಿಡೋ! ನಾನು ಕಣೋ, ನಿನ್ನಜ್ಜಿ!”

“ಗೊತ್ತು ಕಣಜ್ಜಿ. ಆ ಮನೆಯಿಂದ ಬಂದ್ಯಲ್ಲ.”

ಕಿರುಚಿದ್ಳು. ಪರಚಿದ್ಳು. ಇದ್ದ ಎರಡು ಹಲ್ಲಲ್ಲೇ ಕಚ್ಚಿದ್ಳು. ಬಿಡ್ಲಿಲ್ಲ. ಗೋಡೆ ಆಚೆ ಹುಲ್ಲಿನ ಮೇಲೆ ಮೆತ್ತಗೆ ಇಳ್ಸಿದ. ಜುಂಜ ಹಗ್ಗ ಕಿತ್ಕೊಂಡು, ಗೋಡೆ ಹಾರಿ, ಹೋಗಿ ಅಜ್ಜಿ ತೊಡೆ ಏರ್ತು. ಈಗ ಚೆಲುವಿಗೆ ಅತ್ತೆ ಒಂದು, ನಾಯಿ ಎರಡು!

ಒಬ್ಬಟ್ಟಿನ ತಟ್ಟೆ ಹಿಡಿದು ಬಂದ ನಿಂಗಾಜಮ್ಮ ಅದನ್ನ ಕಂಡ್ಳು. ತಟ್ಟೆ ಕೆಳಗಿಟ್ಟು, “ಅಯ್ಯೋ ಅತ್ತೇ!” ಅಂತ ಆಚೆಮನೆಗೆ ಓಡಿದ್ಳು. ಕಾಲು ಹಿಡಿದ್ಳು. ಅತ್ಳು. ಅತ್ತೆ ಜುಂಜನ್ನ ಸವರ್ತಾ ಮುಖ ತಿರುಗಿಸ್ಕೊಂಡ್ಳು. ಚೆಲುವಿ ಕಿಸಕ್ ಅಂದ್ಳು. ತಡೀಲಾರ್ದೆ ನಿಂಗಾಜಮ್ಮ ದೊಣ್ಣೆ ಹಿಡ್ಕೊಂಡು, ಮಗನ್ನ ಬಡಿಯೋಕೆ ದಡದಡ ವಾಪಸ್ ಬಂದ್ಳು.

ಎಲ್ಲಿಂದ ಬಂದ್ಳು? ಆ ಮನೆಯಿಂದ.

ಮುದ್ದ ಅವ್ವನ್ನೂ ಎತ್ತಿ, ದೊಣ್ಣೆ ಸಮೇತ, ಗೋಡೆ ಆಚೆಗೆ ಇಳ್ಸಿದ. ಬೆವರು ಒರೆಸ್ಕೊಂಡು, ಒಂದು ಒಬ್ಬಟ್ಟು ಬಾಯಿಗೆ ತುರುಕಿ ಕೂಗ್ದ:

“ಚಿಕ್ಕವ್ವಾ! ನಿಮ್ಮನೆಯಿಂದ ಇನ್ಯಾರ್ನೂ ಕಳಿಸ್ಬೇಡ, ನನ್ ಸೊಂಟ ಬಿದ್ದೋಯ್ತು!”