ಏಡಿಯನ್ನು ಸಾಕ್ಷಿಗೆ ತಂದ ಕುಸ್ಲಿ

ಹಿಂದೆ, ನಮ್ಮಜ್ಜನ ಅಜ್ಜನೂ ಹುಟ್ಟದ ಕಾಲದಲ್ಲಿ, ಹೊಳೆ ಕಡಲು ಸೇರುವಲ್ಲಿ ಒಂದೂರಿತ್ತಂತೆ. ಅಲ್ಲಿ ಕುಸ್ಲಿ ಅಂತ ಗಂಡ ಸತ್ತ ಹೆಂಗಸೊಬ್ಬಳಿದ್ದಳಂತೆ. ಇಳಿತದ ಹೊತ್ತಿಗೆ ಕೆಸರಿಗಿಳಿದು ಬಳಚು ಹೆಕ್ಕುವುದು, ಚಿಪ್ಪು ಬಿಡಿಸಿ ಮಾಂಸ ಮಾರುವುದು. ಅವಳ ಮತ್ತು ಕಣ್ಣು ಕಾಣದ ಅತ್ತೆಯ ಹೊಟ್ಟೆಪಾಡು ಅದೇ.

ಮರಿ ಬಳಚು ಬೆಳೆಯುವ ಎರಡು ತಿಂಗಳು ಯಾರೂ ಹೆಕ್ಕಬಾರದೆಂದು ಊರ ಕಟ್ಟಳೆ. ಒಂದು ವರ್ಷ ಆ ದಿನಗಳಲ್ಲೇ ಕೆಸರ ಮೇಲೆ ಒಡೆದ ಚಿಪ್ಪು ರಾಶಿ ಬಿತ್ತಂತೆ. ದಂಡೆಗೆ ಹತ್ತಿರದ ಮನೆ ಕುಸ್ಲಿಯದು. ಅವಳೇ ಕದ್ದು ತಿಂದಳು ಅಂದರು. ಊರ ಯಜಮಾನ ಗೋಯ್ದು ಬುದವಂತ, ಇನ್ನವಳು ಹೊಳೆಗೆ ಕಾಲಿಡಬಾರದು ಅಂದುಬಿಟ್ಟ.

ಮನೆಗೆ ಬಂದರೆ ಅತ್ತೆಯೂ ಕೇಳಿದಳಂತೆ: "ಹೌದೇನೆ, ಕೂಸೆ?"

ಊರೆಲ್ಲ ಅಂದದ್ದಕ್ಕಿಂತ ಅದು ಹೆಚ್ಚು ಚುಚ್ಚಿತು.

ಕುಸ್ಲಿ ದಂಡೆಯ ಕಲ್ಲಿನ ಮೇಲೆ ಹೋಗಿ ಕೂತಳು. ಏಳು ದಿನ ಕೂತಳಂತೆ. ನಮ್ಮಜ್ಜಿ ಮೂರೇ ಅನ್ನುತ್ತಿದ್ದಳು. ನೀರಿಳಿದಾಗ ಏಡಿಯೊಂದು ಬಂತು. ಅದರ ಒಂದು ಕೊಂಡಿ ದಪ್ಪ, ಒಂದು ಸಪೂರ. ದಪ್ಪ ಕೊಂಡಿಯಲ್ಲಿ ಬಳಚು ಹಿಡಿದು ಹಿಸುಕಿತು. ಒಡೆಯಲಿಲ್ಲ. ತಿರುಗಿಸಿ ಹಿಡಿದು ಮತ್ತೆ ಹಿಸುಕಿತು. ಅಂಚು ಚೂರುಚೂರಾಗಿ ಮುರಿಯಿತು. ಆಮೇಲೆ ಸಪೂರ ಕೊಂಡಿ ತೂರಿಸಿ ಮಾಂಸ ಎಳೆದು ತಿಂದಿತು. ಬಲಿತ ಚಿಪ್ಪು ಸಿಕ್ಕರೆ ನಾಲ್ಕು ಸಲ ಹಿಸುಕಿ ನೋಡಿ ಬಿಟ್ಟು ಹೋಗುತ್ತಿತ್ತು.

ಕುಸ್ಲಿ ಅದನ್ನು ಹಿಡಿದು ಮಡಕೆಗೆ ಹಾಕಿದಳು. ಹಿಡಿಯುವಾಗ ಬೆರಳೇ ಹೋಯಿತಂತೆ. ಏಡಿ ಮೊರದಷ್ಟಿತ್ತು ಅನ್ನುವವರೂ ಇದ್ದಾರೆ, ಅಂಗೈಯಷ್ಟಿದ್ದಿರಬೇಕು.

ಮಡಕೆಗೆ ಒಂದು ಬಳಚನ್ನೂ ಹಾಕಿ ಊರವರ ಮುಂದೆ ತಂದಿಟ್ಟಳು. ಅದನ್ನು ಕಂಡು ಬುದವಂತ ನಕ್ಕ. "ಇದು ತಿಂತು ಅಂತ ನಾವು ನಂಬಬೇಕೇನೆ?"

"ನಂಬೂದು ಬ್ಯಾಡ ಒಡೆಯಾ, ಕೂತು ನೋಡಿ."

ಕೂತರು. ಏಡಿ ಅಲ್ಲಾಡಲಿಲ್ಲ. ಜನ ಎದ್ದು ಹೊರಟರು. ಬುದವಂತನೊಬ್ಬ ಕೂತೇ ಇದ್ದ. ಹೊತ್ತು ಇಳಿಯುವಾಗ ಏಡಿ ಬಳಚಿಗೆ ಕೊಂಡಿ ಹಾಕಿತು.

ಕುಸ್ಲಿ ಇನ್ನೊಂದು ಬಳಚನ್ನು ಕಲ್ಲಿನಿಂದ ಕುಟ್ಟಿದಳು. ಅದು ನಡುವೆ ಒಡೆಯಿತು. ಏಡಿ ಒಡೆದದ್ದು ಅಂಚಿನಲ್ಲಿ. ರಾಶಿಯ ಚಿಪ್ಪುಗಳೆಲ್ಲ ಅಂಚಿನಲ್ಲೇ ಮುರಿದಿದ್ದವು. ಬುದವಂತ ಎದ್ದು ನೆಟ್ಟಗೆ ಅವಳ ಮನೆಗೆ ಹೋಗಿ, ಕುರುಡಿ ಅತ್ತೆಯ ಕೈ ಹಿಡಿದು, "ನಿನ್ನ ಸೊಸೆ ಕದ್ದಿಲ್ಲ, ತಪ್ಪು ನಮ್ಮದು" ಅಂದನಂತೆ.

ಈಗಲೂ ಆ ಊರಲ್ಲಿ ಯಾರ ಮೇಲಾದರೂ ಕಳವಿನ ಮಾತು ಬಂದರೆ, ದೂರು ಹೇಳುವವನು ಮೊದಲು ಒಂದು ಇಳಿತ ಪೂರ್ತಿ ಕುಸ್ಲಿಕಲ್ಲಿನ ಮೇಲೆ ಕೂತು ಬರಬೇಕು. ಎಷ್ಟೋ ಜನ ಅಲ್ಲಿಂದ ಎದ್ದವರು ಸೀದಾ ಮನೆಗೆ ಹೋಗುತ್ತಾರೆ.